ಸ್ವರಗಳ ಕಾಲಪ್ರಮಾಣವೂ ಅದನ್ನು ಬರೆಯುವ ಚಿಹ್ನೆಗಳೂ

ಹೊಸಪೇಟೆಯ ಮಾರ್ಗವಾಗಿ ಹಂಪೆಗೆ ಹೋದವರು ವಿಠ್ಠಲ ದೇವಾಲಯದ ಸಮೀಪದಲ್ಲಿ, ತುಂಗಭದ್ರೆಯ ದಡದಲ್ಲಿ, ಪುರಂದರದಾಸರ ಮಂಟಪವನ್ನು ನೋಡಿಯೇ ಇರುವರು. ದಾಸರು 1564ರಲ್ಲಿ ಹಂಪೆಯಲ್ಲಿ ಕಾಲವಾದರೆಂದು ಪರಂಪರೆಯಿಂದ ಹೇಳುತ್ತಾರೆ. ಸರಳೆ, ಜಂಟಿವರಸೆ, ಅಲಂಕಾರಗಳನ್ನು ಕ್ರಮಪಡಿಸಿ ಮಾಯಾಮಾಳವಗೌಳ ರಾಗದಲ್ಲಿ ಬಾಲಪಾಠಗಳನ್ನು ಏರ್ಪಡಿಸಿದವರೂ ಅವರೇ ಎಂಬುದು ಸಂಗೀತಗಾರರ ನಂಬುಗೆ. ಅವರ ಪದಗಳು ತಾಳೆಯೋಲೆಗಳಲ್ಲಿ ಉಳಿದು ಬಂದವು. ಎಷ್ಟೋ ಪದಗಳಿಗೆ ರಾಗತಾಳಗಳ ಹೆಸರುಗಳೂ ಉಂಟು. ಆದರೆ ದಾಸರು ಅವನ್ನು ಹಾಡಿದ ಧಾಟಿಯು ಬಹುಮಟ್ಟಿಗೆ ನಷ್ಟವಾಗಿದೆ. ಈಗ ನಾವು ಕೇಳುವ ಧಾಟಿಗಳಲ್ಲಿ ಹೆಚ್ಚಿನವು ಈಚಿನ ಗಾಯಕರು ಕೂಡಿಸಿದವು. ಶಾಸ್ತ್ರಜ್ಞಾನಕ್ಕೆ ಆಗ ಕೊರತೆಯೇನೂ ಇರಲಿಲ್ಲ. ಅಳಿಯ ರಾಮರಾಯನ ಆಶ್ರಯದಲ್ಲಿ ರಾಮಾಮಾತ್ಯನು 1550ರಲ್ಲಿ ‘ಸ್ವರಮೇಳಕಲಾನಿಧಿ’ಯನ್ನು ರಚಿಸಿ ಸ್ವರಗಳನ್ನೂ ಮೇಳಗಳನ್ನೂ ವಿವರಿಸಿದನು. ಆದರೂ ಪದಗಳ ಓಲೆಗಳಲ್ಲಿ ಸಾಮಾನ್ಯವಾಗಿ ಸಾಹಿತ್ಯವಿದೆಯೇ ಹೊರತು, ಯಾವ ಅಕ್ಷರಕ್ಕೆ ಯಾವ ಸ್ವರ, ಅದು ಎಷ್ಟು ಹೊತ್ತು ನಿಲ್ಲತಕ್ಕದ್ದು ಎಂಬುದಿಲ್ಲ.

ಇದಕ್ಕೆ ಪ್ರತಿಯಾಗಿ ಮುತ್ತುಸ್ವಾಮಿ ದೀಕ್ಷಿತರ ಕೃತಿಗಳನ್ನು ನೋಡಬಹುದು. ಅವರ ವಂಶದ ಸುಬ್ಬರಾಮ ದೀಕ್ಷಿತರು 1904ರಲ್ಲಿ ಎಟ್ಟಯಪುರದಿಂದ ಪ್ರಕಟಿಸಿದ ‘ಸಂಗೀತ ಸಂಪ್ರದಾಯ ಪ್ರದರ್ಶಿನಿ’ಯಲ್ಲಿ ಸ್ವರಗಳಿಗೆ ಕಾಲವನ್ನೂ ಗಮಕವನ್ನೂ ಚಿಹ್ನೆಗಳಿಂದ ಗುರುತು ಮಾಡಿದ್ದಾರೆ. ಈ ಕಾರ್ಯಕ್ಕೆ ಅವರನ್ನು ಪ್ರೇರಿಸಿದವರಲ್ಲಿ ಒಬ್ಬರು ಮದರಾಸಿನ ಕ್ರೈಸ್ತ ವಿದ್ವಾಂಸರಾದ ಚಿನ್ನಸ್ವಾಮಿ ಮೊದಲಿಯಾರರು. ದೀಕ್ಷಿತರ ಕೃತಿಯ ಪಾಠದಲ್ಲಿ ಸಂದೇಹ ಹುಟ್ಟಿದಾಗ ವಿದ್ವಾಂಸರು ಇಂದಿಗೂ ಆ ಗ್ರಂಥವನ್ನು ತೆರೆಯುತ್ತಾರೆ.

ಹಾಗಾದರೆ ಕಾಲವನ್ನು ಬರೆಯುವುದು ಹೇಗೆ? ಛಂದಸ್ಸನ್ನು ಓದಿದ ವಿದ್ಯಾರ್ಥಿನಿಯರಿಗೆ ಇದರ ಅರ್ಧಪಾಠ ಆಗಲೇ ಬಂದಿದೆ. ಲಘುವಿಗೆ ಒಂದು ಮಾತ್ರೆ, ಗುರುವಿಗೆ ಎರಡು, ದೂರದವರನ್ನು ಕೂಗುವಾಗಿನ ಪ್ಲುತಕ್ಕೆ ಮೂರು ಎಂದು ವ್ಯಾಕರಣವು ಹೇಳುವುದಷ್ಟೆ. ಕರ್ಣಾಟಕ ಸಂಗೀತದ ಲಿಪಿಯೂ ಇದೇ ದಾರಿಯನ್ನು ಹಿಡಿದಿದೆ. ಹ್ರಸ್ವವಾದ ‘ಸ’ ಒಂದು ಅಕ್ಷರಕಾಲ. ದೀರ್ಘವಾದ ‘ಸಾ’ ಎರಡು. ಇನ್ನೂ ಲಂಬಿಸಬೇಕಾದರೆ ಮುಂದೆ ಅಲ್ಪವಿರಾಮವನ್ನಿಟ್ಟರೆ ಒಂದು ಅಕ್ಷರಕಾಲವೂ, ಅರ್ಧವಿರಾಮವನ್ನಿಟ್ಟರೆ ಎರಡು ಅಕ್ಷರಕಾಲವೂ ಕೂಡುತ್ತವೆ. ಎಂದರೆ ‘ಸಾ,’ ಮೂರು; ‘ಸಾ;’ ನಾಲ್ಕು. ಹೀಗೆ ನಿಲ್ಲುವುದಕ್ಕೆ ಕಾರ್ವೆ ಎಂದು ಹೆಸರು. ಸಂಕೋಚಗೊಳಿಸಬೇಕಾದರೆ ಸ್ವರಗಳ ಮೇಲೆ ಒಂದು ಅಡ್ಡಗೆರೆಯನ್ನೆಳೆಯುವರು. ಆಗ ಅವುಗಳ ಕಾಲವು ಅರ್ಧವಾಗುವುದು. ಎರಡು ಗೆರೆಗಳಿದ್ದರೆ ಕಾಲು ಭಾಗ. ಗೆರೆಯ ಕೆಳಗೆ ಅಲ್ಪವಿರಾಮವಿದ್ದರೆ ಅದಕ್ಕೂ ಇದೇ ನಿಯಮ. ಛಂದಸ್ಸಿನಲ್ಲಿ ಒತ್ತಕ್ಷರದ ಹಿಂದಿನ ಅಕ್ಷರ ಗುರುವಾಗುವಂತಹ ತೊಡಕು ಇಲ್ಲಿಲ್ಲ. ಆದರೆ ತಾಳದ ‘ಲಘು’ ಬೇರೆ, ಛಂದಸ್ಸಿನ ‘ಲಘು’ ಬೇರೆ ಎಂಬುದನ್ನು ಮರೆಯಬಾರದು. ಆದಿತಾಳದ ಲಘುವಿಗೆ ನಾಲ್ಕು ಅಕ್ಷರಕಾಲವಿದೆ.

ಮುಖ್ಯವಾದ ಮಾತು ಇನ್ನು ಮುಂದಿದೆ. ಆದಿತಾಳದ ಒಂದು ಆವರ್ತಕ್ಕೆ ನಾಲ್ಕು, ಎರಡು, ಎರಡರಂತೆ ಎಂಟು ಅಕ್ಷರಕಾಲ. ‘ಸಾ ರಿ ಗ | ಮಾ | ಪಾ’ ಎಂದು ಬರೆದರೆ ಲೆಕ್ಕ ಸರಿಹೋಗುತ್ತದೆ. ಈಗ ಮೊದಲಿನ ಷಡ್ಜವನ್ನು ಸ್ವಲ್ಪ ಲಂಬಿಸಿದರೆ ಇಂಪಾಗುವುದೆಂದು ತೋರಿ ಒಬ್ಬಳು ‘ಸಾ, ರಿ ಗ’ ಎಂದು ಬರೆಯುತ್ತಾಳೆನ್ನೋಣ. ಅಲ್ಲಿಗೆ ಐದು ಅಕ್ಷರವಾಯಿತು! ತಾಳವು ಅವಳಿಗಾಗಿ ಕಾಯುವುದಿಲ್ಲ. ಷಡ್ಜಕ್ಕೆ ಕೊಟ್ಟ ಕಾಲವನ್ನು ನೆರೆಯ ಸ್ವರಗಳಿಂದ ತೆಗೆದುಕೊಳ್ಳಲೇಬೇಕು. ಆದುದರಿಂದ ‘ರಿಗ’ ಎರಡರ ಮೇಲೂ ಒಂದೇ ಗೆರೆಯನ್ನೆಳೆದು, ಎರಡೂ ಸೇರಿ ಒಂದು ಅಕ್ಷರಕಾಲವಾಗುವಂತೆ ಮಾಡಿದರೆ ಮೂರೂ ಒಂದೂ ನಾಲ್ಕಾಗಿ ಲಘುವು ತುಂಬುತ್ತದೆ. ಒಂದು ಕಡೆ ದೀರ್ಘಮಾಡಿದ್ದನ್ನು ಇನ್ನೊಂದು ಕಡೆ ಹ್ರಸ್ವಮಾಡಿ ತೀರಿಸತಕ್ಕದ್ದು. ಯಾವ ದೇಶದ ಲಿಪಿಯಾದರೂ ಈ ಲೆಕ್ಕವನ್ನು ತಪ್ಪಿಸಿಕೊಂಡಿಲ್ಲ.

ಪಾಶ್ಚಾತ್ಯರ ಐದು ಗೆರೆಗಳ ಲಿಪಿಯಲ್ಲಿ ಕಾಲವು ಸ್ವರದ ಆಕಾರದಿಂದಲೇ ತಿಳಿಯುತ್ತದೆ. ಕಂಬವಿರುವ ಕಪ್ಪು ತಲೆಯನ್ನು ಒಂದು ಎಂದೆಣಿಸಿದರೆ ಕಂಬವಿರುವ ಬಿಳಿಯ ತಲೆ ಎರಡು, ಕಂಬವಿಲ್ಲದ ಬಿಳಿಯ ತಲೆ ನಾಲ್ಕು. ಕಪ್ಪು ತಲೆಯ ಕಂಬಕ್ಕೆ ಬಾಲ ಹತ್ತಿದರೆ ಅರ್ಧ. ತಲೆಯ ಪಕ್ಕದಲ್ಲಿ ಚುಕ್ಕೆಯಿಟ್ಟರೆ ತನ್ನ ಅರ್ಧದಷ್ಟು ಬೆಳೆಯುವುದು: ಎರಡು ಇದ್ದದ್ದು ಮೂರಾಗುವುದು. ಮೇಲಿನ ‘ಸಾ, ರಿಗ’ ಎಂಬುದು ಅಲ್ಲಿ ಚುಕ್ಕೆಯಿಟ್ಟ ಒಂದು ಬಿಳಿಯ ಸ್ವರ, ಬಾಲವಿರುವ ಎರಡು ಕಪ್ಪು ಸ್ವರ.

ಇದಲ್ಲದೆ ಮಿಷನ್ ಶಾಲೆಗಳಲ್ಲಿ ಹಾಡುಗಳನ್ನು ಕಲಿಸಲು ಬಳಕೆಗೆ ಬಂದ ಮತ್ತೊಂದು ಲಿಪಿಯುಂಟು. ಅದರ ಮೂಲವನ್ನು ಕಲ್ಪಿಸಿದವರು ಇಂಗ್ಲೆಂಡಿನ ನಾರ್ವಿಚ್ ಪಟ್ಟಣದ ಸಾರಾ ಗ್ಲೋವರ್ ಎಂಬ ಉಪಾಧ್ಯಾಯಿನಿ. 1840ರ ದಶಕದಿಂದ ಅದನ್ನು ತಿದ್ದಿ ಹರಡಿದವರು ಜಾನ್ ಕರ್ವೆನ್ ಎಂಬ ಬೋಧಕರು. ಅದು ‘ಟಾನಿಕ್ ಸೋಲ್-ಫಾ’ ಎಂಬ ಡೋ ರೇ ಮೀ ಅಕ್ಷರಗಳ ಲಿಪಿ. ಅಕ್ಷರಗಳಾದುದರಿಂದ ನಮ್ಮ ಸರಿಗಮದಂತೆಯೇ ತೋರುತ್ತದೆ. ತೊಡಕು ಇರುವುದೂ ಅಲ್ಲಿಯೇ. ಕರ್ವೆನರ ಲಿಪಿಯಲ್ಲಿ ಅಲ್ಪವಿರಾಮವು ತಟ್ಟನ್ನು ಕಾಲು ಭಾಗಗಳಾಗಿ ಒಡೆಯುತ್ತದೆ. ನಮ್ಮಲ್ಲಿ ಅದು ಸ್ವರವನ್ನು ಲಂಬಿಸುತ್ತದೆ. ಅಲ್ಲಿ ಸಣ್ಣ ಅಡ್ಡಗೆರೆಯು ಹಿಂದಿನ ಸ್ವರವನ್ನು ಮುಂದುವರಿಸುತ್ತದೆ. ನಮ್ಮಲ್ಲಿ ತಲೆಯ ಮೇಲಿನ ಗೆರೆಯು ಸ್ವರವನ್ನು ಅರ್ಧಕ್ಕಿಳಿಸುತ್ತದೆ. ಚುಕ್ಕೆಯ ಕಥೆಯಂತೂ ಇನ್ನೂ ವಿಚಿತ್ರ: ಐದು ಗೆರೆಗಳ ಲಿಪಿಯಲ್ಲಿ ಪಕ್ಕದ ಚುಕ್ಕೆ ಕಾಲವನ್ನು ಬೆಳೆಸಿದರೆ, ಕರ್ವೆನರಲ್ಲಿ ತಟ್ಟನ್ನು ಎರಡು ಮಾಡುತ್ತದೆ, ನಮ್ಮಲ್ಲಿ ಸ್ವರದ ಮೇಲೆ ಕುಳಿತು ತಾರಸ್ಥಾಯಿಯನ್ನು ತೋರಿಸುತ್ತದೆ. ಹಿಂದೂಸ್ಥಾನಿ ಸಂಗೀತದ ಭಾತಖಂಡೆಯವರ ಪದ್ಧತಿಯಲ್ಲಿಯೂ ಅಡ್ಡಗೆರೆಯು ಒಂದು ಮಾತ್ರೆ ಲಂಬಿಸುವುದಕ್ಕೇ ಇದೆ. ಒಂದೇ ಮಾತ್ರೆಯೊಳಗೆ ಸೇರುವ ಸ್ವರಗಳ ಕೆಳಗೆ ಬಿಲ್ಲಿನಂತೆ ಬಾಗಿದ ರೇಖೆಯನ್ನು ಎಳೆಯುತ್ತಾರೆ. ಆದಕಾರಣ ಹಾಡನ್ನು ಬರೆಯುವವಳು ಯಾವ ಪದ್ಧತಿಯೆಂಬುದನ್ನು ಪುಟದ ತಲೆಯಲ್ಲಿಯೇ ಹೇಳಿಬಿಡುವುದು ಒಳ್ಳೆಯದು.

ಈ ವಿದ್ಯೆಯನ್ನು ಪ್ರಯೋಗಿಸಲು ದೂರ ಹೋಗಬೇಕಾಗಿಲ್ಲ. ಕಂಪ್ಲಿಯ ಸೀಮೆಗೆ ಕುಮಾರರಾಮನ ಹಾಡುಗಳಿವೆ. ಸಂಡೂರಿನ ಗುಡ್ಡಗಳ ತಾಂಡಾಗಳಲ್ಲಿ ಲಂಬಾಣಿ ಸ್ತ್ರೀಯರ ಹಾಡುಗಳಿವೆ. ಮದುವೆಯ ಸೋಬಾನೆಯನ್ನು ಬಲ್ಲ ಅಜ್ಜಿಯರು ಊರೂರಿಗೂ ಇದ್ದಾರೆ. ಇವುಗಳ ಮಾತುಗಳನ್ನು ಬರೆದುಕೊಳ್ಳುವವರು ಉಂಟು, ಧಾಟಿಯನ್ನು ಬರೆದುಕೊಳ್ಳುವವರು ವಿರಳ. ಧ್ವನಿಮುದ್ರಣ ಯಂತ್ರವು ಈಗ ಸುಲಭವಾಗಿ ದೊರೆಯುವುದು ನಿಜವೇ; ಆದರೆ ಅಜ್ಜಿಯು ಎಲ್ಲಿ ಎಷ್ಟು ನಿಂತಳೆಂಬುದನ್ನು ಎಣಿಸಿ ಬರೆಯುವವಳಿಗೆ ಆ ಹಾಡಿನ ಕಟ್ಟು ತಿಳಿಯುವಂತೆ ಕೇವಲ ಕೇಳುವವಳಿಗೆ ತಿಳಿಯಲಾರದು.

ಬರೆಯುವ ಕ್ರಮವಿಷ್ಟೆ. ಮೊದಲು ಹಾಡುವವರೊಡನೆ ಕೈತಟ್ಟುತ್ತ ಎಷ್ಟು ತಟ್ಟಿಗೆ ಒಂದು ಸುತ್ತು ಮುಗಿಯುವುದೆಂದು ನಿಶ್ಚಯಿಸಬೇಕು. ಬಳಿಕ ಪ್ರತಿ ತಟ್ಟಿಗೂ ಬೀಳುವ ಸ್ವರವನ್ನು ಬರೆದು, ಕಡೆಗೆ ನಡುವಣ ಸ್ವರಗಳನ್ನು ತುಂಬಬೇಕು. ಸಾಲಿನ ಕೊನೆಯಲ್ಲಿ ತಾಳವನ್ನು ಬಿಟ್ಟು ಎಳೆಯುವುದು ಜನಪದರಲ್ಲಿ ಉಂಟು. ಅದನ್ನು ಬಲವಂತವಾಗಿ ಲೆಕ್ಕಕ್ಕೆ ಸೇರಿಸದೆ, ‘ಇಲ್ಲಿ ತಾಳವಿಲ್ಲದೆ ನಿಲ್ಲುವುದು’ ಎಂದು ಬರೆದರೆ ಸಾಕು. ಎಲ್ಲವೂ ಮುಗಿದ ಮೇಲೆ, ಆ ಹಾಡನ್ನು ಎಂದೂ ಕೇಳದ ಸಹಪಾಠಿಯ ಕೈಗೆ ಪುಟವನ್ನು ಕೊಟ್ಟು ಹಾಡಿಸಿರಿ. ಅವಳು ಅಜ್ಜಿಗಿಂತ ಬೇಗನೆ ಮುಂದೆ ಹೋದ ಕಡೆಯಲ್ಲಿ ಒಂದು ಅಲ್ಪವಿರಾಮವು ಬಿಟ್ಟುಹೋಗಿದೆ. ಹಿಂದುಳಿದ ಕಡೆಯಲ್ಲಿ ಒಂದು ಗೆರೆ.