ರಸ್ತೆ ಅಪಘಾತದ ಪರಿಹಾರ: ಲೆಕ್ಕ ಹೇಗೆ ಹಾಕುತ್ತಾರೆ?

‘ವೋಚರ್ ಇಲ್ಲದೆ ಎಂಟ್ರಿ ಇಲ್ಲ’ ಎಂದು ಅಕೌಂಟೆನ್ಸಿ ಸರ್ ಮೊದಲ ದಿನವೇ ಹೇಳಿದ್ದರು. ಆ ಮಾತಿನ ಬೆಲೆ ನನಗೆ ಗೊತ್ತಾದದ್ದು ನಮ್ಮ ಚಾಚಾನ ಅಪಘಾತದ ನಂತರ.

ಚಾಚಾ ಇಲಕಲ್ಲಿನಲ್ಲಿ ನೇಕಾರರು. ಕಳೆದ ವರ್ಷ ಹುನಗುಂದ ಕಡೆಯ ಹೆದ್ದಾರಿಯಲ್ಲಿ ಸೈಕಲ್ ಮೇಲೆ ಬರುತ್ತಿದ್ದಾಗ ಸರಕಿನ ಗಾಡಿಯೊಂದು ಗುದ್ದಿ ಬಲಗಾಲು ಮುರಿಯಿತು. ಎರಡು ಆಪರೇಷನ್ ಆದವು. ಚಾಚಿಯ ಬಳೆಗಳು ಅಡವು ಹೋದವು. ‘ಪೊಲೀಸ್ ಕೇಸ್ ಆಗೇತಿ, ರೊಕ್ಕ ತಾನಾಗೇ ಬರ್ತದ’ ಎಂದು ಎಲ್ಲರೂ ನಂಬಿ ಕುಳಿತೆವು. ಔಷಧದ ಬಿಲ್ಲುಗಳಲ್ಲಿ ಅರ್ಧ ಕಳೆದೇಹೋದವು. ಆರನೇ ತಿಂಗಳಲ್ಲಿ ಬಾಗಲಕೋಟೆಯ ವಕೀಲರೊಬ್ಬರು ವಿಷಯ ಬಿಡಿಸಿ ಹೇಳಿದರು. ಅವರಿಂದ ಕಲಿತದ್ದನ್ನು, ಆಮೇಲೆ ಓದಿದ್ದನ್ನು ಇಲ್ಲಿ ಬರೆಯುತ್ತಿದ್ದೇನೆ.

ಮೊದಲನೆಯದು, ಪೊಲೀಸ್ ಕೇಸ್ ಬೇರೆ, ಪರಿಹಾರದ ಕೇಸ್ ಬೇರೆ. ಪೊಲೀಸ್ ಕೇಸಿನಲ್ಲಿ ಚಾಲಕನಿಗೆ ಶಿಕ್ಷೆ ಆಗಬಹುದು. ಪರಿಹಾರಕ್ಕೆ 1988ರ ಮೋಟಾರು ವಾಹನ ಕಾಯ್ದೆಯ 166ನೇ ಕಲಂ ಪ್ರಕಾರ ಪರಿಹಾರ ನ್ಯಾಯಮಂಡಳಿಗೆ ಅರ್ಜಿ ಹಾಕಬೇಕು. ಅಪಘಾತ ಆದ ಊರಿನಲ್ಲೇ ಹಾಕಬೇಕೆಂದಿಲ್ಲ, ನಾವು ವಾಸಿಸುವ ಊರಿನ ವ್ಯಾಪ್ತಿಯಲ್ಲೂ ಹಾಕಬಹುದು. 2022ರ ಏಪ್ರಿಲ್ 1ರಿಂದ ಇದಕ್ಕೆ ಆರು ತಿಂಗಳ ಗಡುವು ಇದೆ. ನಮಗೆ ಉಳಿದಿದ್ದದ್ದು ಬರೀ ಮೂರು ವಾರ!

ಎರಡನೆಯದು, ಹಣ ಯಾರು ಕೊಡುತ್ತಾರೆ? ಪ್ರತಿ ವಾಹನಕ್ಕೂ ಥರ್ಡ್ ಪಾರ್ಟಿ ವಿಮೆ ಕಡ್ಡಾಯ. ಮಾಲೀಕ ಮತ್ತು ವಿಮಾ ಕಂಪನಿ ಎರಡು ಪಾರ್ಟಿ, ಗಾಯಗೊಂಡವರು ಮೂರನೆಯವರು. ಗುದ್ದಿದ ಗಾಡಿ ಸಿಗದೇ ಹೋದರೂ ಸರ್ಕಾರದ ಯೋಜನೆಯಲ್ಲಿ ತೀವ್ರ ಗಾಯಕ್ಕೆ 50,000 ರೂಪಾಯಿ, ಸಾವಿಗೆ 2 ಲಕ್ಷ ರೂಪಾಯಿ ಇದೆ.

ಮೂರನೆಯದು ಲೆಕ್ಕ. ಚಿಕಿತ್ಸೆಯ ಖರ್ಚು, ನೋಡಿಕೊಂಡವರ ಖರ್ಚು, ಮಲಗಿದ್ದ ತಿಂಗಳುಗಳ ದುಡಿಮೆ, ಮುಂದಿನ ದುಡಿಮೆಯ ನಷ್ಟ, ನೋವು ಇವೆಲ್ಲ ಬೇರೆ ಬೇರೆ ಬಾಬ್ತುಗಳು. ಮುಂದಿನ ದುಡಿಮೆಯ ನಷ್ಟಕ್ಕೆ ವಯಸ್ಸಿನ ಮೇಲೆ ಒಂದು ಗುಣಕ ಇರುತ್ತದೆ. 2009ರಲ್ಲಿ ಸುಪ್ರೀಂ ಕೋರ್ಟ್ ಇದರ ಪಟ್ಟಿ ಕೊಟ್ಟಿತು: 25 ವರ್ಷದವರೆಗೆ 18, 36ರಿಂದ 40ಕ್ಕೆ 15, 56ರಿಂದ 60ಕ್ಕೆ 9.

ನಮ್ಮ ರಾಜ್ಯದ್ದೇ ಒಂದು ಉದಾಹರಣೆ ನೋಡಿ. 24 ವರ್ಷದ ತರಕಾರಿ ವ್ಯಾಪಾರಿಯೊಬ್ಬರು ಅಪಘಾತದಲ್ಲಿ ಬಲಗಾಲು ಕಳೆದುಕೊಂಡರು. ಕೆಳಗಿನ ಹಂತದಲ್ಲಿ ಅವರ ಆದಾಯವನ್ನು ತಿಂಗಳಿಗೆ 3,500 ಎಂದು ಹಿಡಿದಿದ್ದರು. 2014ರಲ್ಲಿ ಸುಪ್ರೀಂ ಕೋರ್ಟ್ 6,500 ಎಂದು ಹಿಡಿಯಿತು. ತರಕಾರಿ ಮಾರುವವರು ಒಂದೇ ಕಡೆ ಕೂರುವುದಿಲ್ಲ, ಸಗಟು ಮಾರುಕಟ್ಟೆಗೆ ಹೋಗಬೇಕು, ಗಾಡಿ ತಳ್ಳಬೇಕು ಎಂದು ಹೇಳಿ ದುಡಿಮೆಯ ನಷ್ಟವನ್ನು 85% ಎಂದು ನಿಗದಿ ಮಾಡಿತು.

ಆದಾಯ: 6,500
ಮುಂದೆ ಹೆಚ್ಚಬಹುದಾದದ್ದು 50%: 3,250
ತಿಂಗಳಿಗೆ ಒಟ್ಟು: 9,750
ವರ್ಷಕ್ಕೆ (× 12): 1,17,000
ಗುಣಕ (× 18): 21,06,000
ಅದರಲ್ಲಿ 85%: 17,90,100 ರೂಪಾಯಿ

(2017ರ ತೀರ್ಪಿನ ನಂತರ, ಸ್ವಂತ ಕಸುಬಿನ 40 ವರ್ಷದೊಳಗಿನವರಿಗೆ ಈ ಹೆಚ್ಚಳ 40%.)

ಇದರಲ್ಲಿ ದೊಡ್ಡ ಪಾಠ ಆ 85%ರದು. ಡಾಕ್ಟರು ಬರೆಯುವ ಶೇಕಡಾವಾರು ಅಂಗದ್ದು. ನ್ಯಾಯಮಂಡಳಿ ನೋಡಬೇಕಾದದ್ದು ಕಸುಬಿಗೆ ಆದ ನಷ್ಟ. ಕುರ್ಚಿಯ ಮೇಲೆ ಕುಳಿತು ಬರೆಯುವವರಿಗೆ ಕಾಲಿನ ಗಾಯ ಒಂದು ರೀತಿ, ಕುಣಿಮಗ್ಗದಲ್ಲಿ ದಿನವಿಡೀ ಕಾಲಿನಿಂದ ತುಳಿಯುವ ನೇಕಾರರಿಗೆ ಇನ್ನೊಂದು ರೀತಿ. ಇದನ್ನು ಹೇಳಿದಾಗ ಚಾಚಾ ಬಹಳ ಹೊತ್ತು ಸುಮ್ಮನಿದ್ದು, ‘ಹಂಗಾದ್ರ ನನ್ನ ಮಗ್ಗದ್ದೂ ಲೆಕ್ಕ ಐತಿ ಅಂದಂಗಾತು’ ಅಂದರು.

ಅರ್ಜಿ ಸಮಯಕ್ಕೆ ಸರಿಯಾಗಿ ಹಾಕಿದೆವು. ಸಾವಕಾರರ ಕೂಲಿ ಪುಸ್ತಕ ಮತ್ತು ಬ್ಯಾಂಕ್ ಪಾಸ್‌ಬುಕ್ ಆದಾಯಕ್ಕೆ ಸಾಕ್ಷಿಯಾದವು. ಔಷಧದ ಅಂಗಡಿಗಳಿಗೆ ಅಲೆದು ಕೆಲವು ಬಿಲ್ಲುಗಳ ನಕಲು ತಂದೆ, ಎಲ್ಲವೂ ಸಿಗಲಿಲ್ಲ. ಕೇಸ್ ಇನ್ನೂ ನಡೆಯುತ್ತಿದೆ.

ಗೆಳೆಯರೇ, ನಿಮ್ಮ ಮನೆಯಲ್ಲಿ ಓದಲು ಬಲ್ಲವರು ನೀವೇ ಆಗಿರಬಹುದು. ಇಂಥ ಕಷ್ಟ ಬಂದರೆ ಎಫ್‌ಐಆರ್ ನಕಲು, ಗಾಡಿಯ ನಂಬರ್, ಆಸ್ಪತ್ರೆಯ ಡಿಸ್ಚಾರ್ಜ್ ಕಾಗದ, ಪ್ರತಿಯೊಂದು ಬಿಲ್ಲು ಇವನ್ನು ದಿನಾಂಕದ ಪ್ರಕಾರ ಒಂದು ಫೈಲಿನಲ್ಲಿ ಇಡಿ. ವಕೀಲರಿಗೆ ಕೊಡಲು ದುಡ್ಡಿಲ್ಲವೆಂದು ಬಿಡಬೇಡಿ. ಕಾನೂನು ಸೇವಾ ಪ್ರಾಧಿಕಾರದಲ್ಲಿ ಮಹಿಳೆಯರಿಗೆ, ಮಕ್ಕಳಿಗೆ, ಅಂಗವಿಕಲರಿಗೆ, ಕಡಿಮೆ ಆದಾಯದವರಿಗೆ ಉಚಿತ ನೆರವು ಸಿಗುತ್ತದೆ. ಕ್ಲಾಸಿನಲ್ಲಿ ವೋಚರ್ ತಪ್ಪಿದರೆ ಹೋಗುವುದು ಒಂದು ಮಾರ್ಕ್ಸ್. ನಮ್ಮ ಮನೆಯಲ್ಲಿ ತಪ್ಪಿದ್ದಕ್ಕೆ ಚಾಚಿಯ ಬಳೆ ಇನ್ನೂ ಅಡವಿನಲ್ಲೇ ಇದೆ.