ಪುಟ್ಟಿಯ ಫೋಟೋ ಹಾಕುವ ಮುಂಚೆ

ಮಗಳೇ, ಪುಟ್ಟಿ ಎಲ್‌ಕೆಜಿಗೆ ಹೊರಟ ದಿನ ನೀನು ಹಾಕಿದ ಸ್ಟೇಟಸ್ ನೋಡಿದೆ. ಎರಡು ಜುಟ್ಟು, ಅವಳಿಗಿಂತ ದೊಡ್ಡ ಬ್ಯಾಗು. ಕಣ್ತುಂಬಿ ಬಂತು. ಇನ್ನಷ್ಟು ಚೆನ್ನಾಗಿ ನೋಡೋಣ ಅಂತ ದೊಡ್ಡದು ಮಾಡಿದೆ. ಕೊರಳಿನ ಐಡಿ ಕಾರ್ಡಿನಲ್ಲಿ ಹೆಸರು, ಶಾಲೆ, ನಿನ್ನ ಮೊಬೈಲ್ ನಂಬರು. ಹಿಂದೆ ಗೇಟಿನ ಮೇಲೆ ಮನೆ ನಂಬರು. ಹುಟ್ಟಿದ ದಿನ ಹೋದ ತಿಂಗಳ ಕೇಕಿನ ಫೋಟೋದಲ್ಲೇ ಇದೆ. ಶಾಲೆ ಬಿಡುವ ಹೊತ್ತಿಗೆ ಅವಳನ್ನು ಹೆಸರು ಹಿಡಿದು ಕರೆದು "ಅಮ್ಮ ಕಳಿಸಿದ್ದಾರೆ, ಬಾ" ಅನ್ನೋದಕ್ಕೆ ಗುರುತಿಲ್ಲದವನಿಗೆ ಇನ್ನೇನು ಬೇಕಮ್ಮ?

24 ಗಂಟೆಯಲ್ಲಿ ಹೋಗಿಬಿಡುತ್ತೆ ಮಾವ, ನೋಡೋರೂ ನಮ್ಮವರೇ ಅನ್ನುತ್ತೀಯ. ಸ್ಕ್ರೀನ್‌ಶಾಟ್‌ಗೆ ಕ್ಷಣ ಸಾಕು. ಇನ್ನು ನಮ್ಮವರು ಅಂದೆಯಲ್ಲ, ಸೇವ್ ಮಾಡಿಟ್ಟ ನಂಬರುಗಳನ್ನು ಒಮ್ಮೆ ನೋಡು: ಎಸಿ ರಿಪೇರಿಯವರು, ಹಳೇ ಮನೆಯ ಬ್ರೋಕರು. ಅವರೂ ನಿನ್ನ ನಂಬರು ಸೇವ್ ಮಾಡಿಕೊಂಡಿದ್ದರೆ ಸ್ಟೇಟಸ್ ಅವರಿಗೂ ಕಾಣುತ್ತೆ. ಇನ್‌ಸ್ಟಾಗ್ರಾಮನ್ನಂತೂ ಊರಿಗೆಲ್ಲ ತೆರೆದಿಟ್ಟಿದ್ದೀಯ.

ಇದು ಬರೀ ಭಯದ ಮಾತಲ್ಲ, ಹಕ್ಕಿನ ಮಾತೂ ಹೌದು. ನಮ್ಮ ಕರ್ನಾಟಕ ಹೈಕೋರ್ಟಿನ ನಿವೃತ್ತ ನ್ಯಾಯಮೂರ್ತಿ ಕೆ.ಎಸ್. ಪುಟ್ಟಸ್ವಾಮಿಯವರು 2012ರಲ್ಲಿ, ಎಂಬತ್ತು ದಾಟಿದ ವಯಸ್ಸಿನಲ್ಲಿ, ಆಧಾರ್ ವಿಷಯವಾಗಿ ಸುಪ್ರೀಂ ಕೋರ್ಟಿನ ಮೆಟ್ಟಿಲು ಹತ್ತಿದರು. ಖಾಸಗಿತನ ಮೂಲಭೂತ ಹಕ್ಕು ಎಂದು 2017ರ ಆಗಸ್ಟ್ 24ರಂದು ಒಂಬತ್ತು ನ್ಯಾಯಮೂರ್ತಿಗಳು ಒಮ್ಮತದಿಂದ ಹೇಳಿದ್ದು ಅವರ ಮೊಕದ್ದಮೆಯಲ್ಲೇ. ಆ ಹಿರಿಯರು ಹೋರಾಡಿ ಪಡೆದದ್ದನ್ನು ನಾವು ಬೆರಳ ತುದಿಯಲ್ಲಿ ಬಿಟ್ಟುಕೊಡುತ್ತಿದ್ದೇವಲ್ಲ ಅನ್ನೋದೇ ನನ್ನ ಸಂಕಟ. 2023ರ ಡಿಜಿಟಲ್ ವೈಯಕ್ತಿಕ ದತ್ತಾಂಶ ಸಂರಕ್ಷಣಾ ಕಾಯ್ದೆಯನ್ನೇ ನೋಡು. 18 ತುಂಬದ ಮಕ್ಕಳ ಮಾಹಿತಿ ಬಳಸಬೇಕಾದರೆ ಕಂಪನಿಗಳು ಹೆತ್ತವರ ಒಪ್ಪಿಗೆ ಪಡೆಯಬೇಕು ಅನ್ನುತ್ತೆ. ಆದರೆ ಯಾರೇ ಆಗಲಿ ತಮ್ಮ ಮಾಹಿತಿಯನ್ನು ತಾವೇ ಸಾರ್ವಜನಿಕ ಮಾಡಿದರೆ ಅದಕ್ಕೆ ಈ ಕಾಯ್ದೆ ಅನ್ವಯಿಸೋದಿಲ್ಲ. ಮಕ್ಕಳ ಪರವಾಗಿ ಹೆತ್ತವರು ಹಾಕಿದರೂ ಅಷ್ಟೇ. ಪುಟ್ಟಿಗಿರುವ ರಕ್ಷಣೆಯನ್ನು ನಿನ್ನ ಕೈಯಾರೆ ತೆಗೆದುಹಾಕಿದ ಹಾಗಾಗುತ್ತೆ.

ಫೋಟೋ ತೆಗೀಬೇಡ ಅನ್ನುತ್ತಿಲ್ಲ, ಬೇಕಾದಷ್ಟು ತೆಗಿ. ಹಂಚಿಕೊಳ್ಳೋದು ಮನೆಯವರ ಗ್ರೂಪಿನಲ್ಲಿರಲಿ. ಹೊರಗೆ ಹಾಕಲೇಬೇಕು ಅನಿಸಿದರೆ ಐಡಿ ಕಾರ್ಡು, ಗೇಟು ಕತ್ತರಿಸಿ ಹಾಕು. ಧರ್ಮಸ್ಥಳಕ್ಕೆ ಹೋದ ಫೋಟೋ ಊರಿಗೆ ಬಂದ ಮೇಲೆ ಹಾಕಿದರೆ ಮನೆ ಬೀಗ ಹಾಕಿದೆ ಅಂತ ನೀನಾಗಿ ಸಾರಿದ ಹಾಗಾಗೋದಿಲ್ಲ.

ಎಣ್ಣೆಸ್ನಾನದ ವೀಡಿಯೊ ಒಂದಿದೆಯಲ್ಲ, ಅದನ್ನು ಮಾತ್ರ ಇವತ್ತೇ ತೆಗೆದುಬಿಡು ತಾಯಿ. ಹತ್ತನೇ ಕ್ಲಾಸಿನಲ್ಲಿ ಅದು ಗೆಳೆಯರ ಕೈಗೆ ಸಿಕ್ಕರೆ ನಾಚಿಕೆಪಡಬೇಕಾದವಳು ಅವಳು. ಹಾಕುವಾಗ ಅವಳನ್ನು ಯಾರೂ ಕೇಳಿರಲಿಲ್ಲ. ಈಗಲಾದರೂ ಕೇಳೋದು ಶುರುಮಾಡು. ಬೇಡ ಅಂದರೆ, ಎಷ್ಟೇ ಮುದ್ದಾಗಿ ಬಂದ ಫೋಟೋ ಆದರೂ ಬಿಟ್ಟುಬಿಡು.