ಒಡಂಬಡಿಕೆಯ ವಿಧಿಗಳು

ಮಾತಿಗೆ ತಪ್ಪಿದವನನ್ನು ಇಂದು ನಾವು ನ್ಯಾಯಾಲಯಕ್ಕೆ ಎಳೆಯಬಹುದು. ಕಾಗದವಿದೆ, ಸಹಿಯಿದೆ, ಸಾಕ್ಷಿಗಳಿದ್ದಾರೆ. ಆದರೆ ಮೂರು ಸಾವಿರ ವರ್ಷಗಳ ಹಿಂದೆ ಇಬ್ಬರು ಅರಸರು ಒಡಂಬಟ್ಟರೆ, ತಪ್ಪಿದವನನ್ನು ದಂಡಿಸಲು ಅವರಿಬ್ಬರಿಗೂ ಮೇಲಾದ ನ್ಯಾಯಾಧಿಪತಿ ಯಾರಿದ್ದರು? ದೇವತೆಗಳನ್ನು ಸಾಕ್ಷಿಗೆ ಕರೆದು, ತಮ್ಮ ಪ್ರಾಣವನ್ನೇ ಒತ್ತೆಯಿಡುವುದು ಆಗಿನ ಪದ್ಧತಿ. ಪಶ್ಚಿಮ ಏಷ್ಯದ ಈ ವಿಧಿಗಳನ್ನು ಅರಿಯದೆ ಓದಿದರೆ ಬೈಬಲ್ಲಿನ ಕೆಲವು ಪ್ರಸಂಗಗಳು ಒಗಟಾಗಿಯೇ ಉಳಿಯುತ್ತವೆ.

ಹೀಬ್ರೂ ಭಾಷೆಯಲ್ಲಿ ಒಡಂಬಡಿಕೆಗೆ ‘ಬೆರೀತ್’ ಎಂದು ಹೆಸರು. ಅದನ್ನು ಮಾಡಿಕೊಳ್ಳುವುದಕ್ಕೆ ಆ ಭಾಷೆಯಲ್ಲಿ ರೂಢಿಯಾಗಿ ಬಳಸುವ ಕ್ರಿಯಾಪದದ ಮೂಲಾರ್ಥ ‘ಕಡಿ’ ಎಂದು. ಈ ನುಡಿಗಟ್ಟಿನ ಹಿಂದೆ ಪಶುವನ್ನು ಕಡಿಯುವ ವಿಧಿಯಿದೆಯೆಂದು ಅನೇಕ ವಿದ್ವಾಂಸರು ಭಾವಿಸುತ್ತಾರೆ. ಯೂಫ್ರೆಟಿಸ್ ದಡದ ಮಾರಿ ಎಂಬ ಪಟ್ಟಣದಲ್ಲಿ 1933ರಿಂದ ನಡೆದ ಉತ್ಖನನದಲ್ಲಿ ಕ್ರಿ.ಪೂ. 18ನೆಯ ಶತಮಾನದ ಮಣ್ಣಿನ ಹಲಗೆಗಳು ದೊರೆತವು. ಸಂಧಿ ಮಾಡಿಕೊಳ್ಳುವವರು ಕತ್ತೆಯ ಮರಿಯನ್ನು ಕೊಲ್ಲುತ್ತಿದ್ದರೆಂದು ಅವುಗಳಿಂದ ತಿಳಿಯುತ್ತದೆ. ಸಿರಿಯದ ಸೆಫಿರೆ ಎಂಬಲ್ಲಿ ಸಿಕ್ಕಿದ ಕ್ರಿ.ಪೂ. 8ನೆಯ ಶತಮಾನದ ಅರಮಾಯಿಕ್ ಶಾಸನವು ಇನ್ನೂ ಸ್ಪಷ್ಟ. ಅರ್ಪಾದಿನ ಅರಸನಾದ ಮತಿಏಲನು ಮಾತಿಗೆ ತಪ್ಪಿದರೆ, ಕಡಿದ ಕರುವಿನ ಗತಿಯೇ ಅವನಿಗೂ ಅವನ ಪ್ರಧಾನರಿಗೂ ಬರಲೆಂದು ಅದು ಶಪಿಸುತ್ತದೆ.

ಈ ಹಿನ್ನೆಲೆಯಲ್ಲಿ ಯೆರೆಮೀಯನ ಗ್ರಂಥದ 34ನೆಯ ಅಧ್ಯಾಯವನ್ನು ನೋಡೋಣ. ಬಾಬೆಲಿನ ಸೈನ್ಯ ಯೆರೂಸಲೇಮನ್ನು ಮುತ್ತಿದ್ದಾಗ ಅರಸನಾದ ಚಿದ್ಕೀಯನೂ ಪ್ರಜೆಗಳೂ ತಮ್ಮ ಹೀಬ್ರೂ ದಾಸದಾಸಿಯರನ್ನು ಬಿಡುಗಡೆ ಮಾಡುವುದಾಗಿ ಒಡಂಬಟ್ಟರು. ಕರುವನ್ನು ಇಬ್ಭಾಗ ಮಾಡಿ ಹೋಳುಗಳ ನಡುವೆ ಹಾದುಹೋದರು. ಶತ್ರುಸೈನ್ಯ ತಾತ್ಕಾಲಿಕವಾಗಿ ಹಿಂದೆಗೆಯಿತು. ಅಪಾಯ ಕಳೆಯಿತೆಂದು ತೋರಿತು. ಕೂಡಲೇ ಬಿಟ್ಟವರನ್ನು ಮತ್ತೆ ಹಿಡಿತಂದು ದಾಸತ್ವಕ್ಕೆ ಹಾಕಿದರು. ಆಗ ಪ್ರವಾದಿಯು, ಆ ಕರುವಿನ ಪಾಡೇ ನಿಮಗೂ ಆಗುವುದು, ನಿಮ್ಮ ಹೆಣಗಳು ಹದ್ದುಗಳ ಪಾಲಾಗುವುವು ಎಂದು ಸಾರಿದನು. ಕ್ರಿ.ಪೂ. 586ರ ಸುಮಾರಿಗೆ ನಗರವು ನಾಶವಾಯಿತು.

ಇದಕ್ಕೆ ಪ್ರತಿಯಾಗಿ ಆದಿಕಾಂಡದ 15ನೆಯ ಅಧ್ಯಾಯವನ್ನು ಇಡಬೇಕು. ತನಗೆ ದೇಶವು ದೊರೆಯುವುದೆಂಬುದಕ್ಕೆ ಗುರುತೇನೆಂದು ಅಬ್ರಾಮನು ದೇವರನ್ನು ಕೇಳುತ್ತಾನೆ. ಮೂರು ವರ್ಷದ ಕಡಸು, ಆಡು, ಟಗರುಗಳನ್ನು ಕಡಿದು ಹೋಳುಗಳನ್ನು ಎದುರೆದುರಾಗಿ ಇಡುತ್ತಾನೆ. ಹಕ್ಕಿಗಳನ್ನು ಮಾತ್ರ ಕಡಿಯುವುದಿಲ್ಲ. ಎರಗಿದ ಹದ್ದುಗಳನ್ನು ಓಡಿಸುತ್ತಾನೆ. ಹೊತ್ತು ಮುಳುಗುವಾಗ ಅವನಿಗೆ ಗಾಢನಿದ್ರೆ ಕವಿಯುತ್ತದೆ. ಕತ್ತಲಾದ ಮೇಲೆ ಹೊಗೆಯಾಡುವ ಒಲೆಯೂ ಉರಿಯುವ ಪಂಜೂ ಹೋಳುಗಳ ನಡುವೆ ಸಾಗುತ್ತವೆ. ಇವು ದೇವರ ಸಾನ್ನಿಧ್ಯದ ಚಿಹ್ನೆಗಳೆಂಬುದು ವ್ಯಾಖ್ಯಾನಕಾರರ ಸಾಮಾನ್ಯ ಅಭಿಪ್ರಾಯ.

ಇಲ್ಲಿ ಗಮನಿಸಬೇಕಾದುದು ನಡೆದವರು ಯಾರು ಎಂಬುದನ್ನು. ಸೆಫಿರೆಯಂಥ ಸಂಧಿಗಳಲ್ಲಿ ಶಾಪದ ಭಾರ ಬೀಳುವುದು ಅಧೀನನಾದ ಅರಸನ ಮೇಲೆ. ಆದಿಕಾಂಡದಲ್ಲಿ ಅಬ್ರಾಮನು ಹೋಳುಗಳ ನಡುವೆ ಹೆಜ್ಜೆಯಿಡುವುದೇ ಇಲ್ಲ. ಮಾತನ್ನು ತನ್ನ ಮೇಲೆ ಹೊತ್ತುಕೊಳ್ಳುವವನು ಬಲಶಾಲಿಯಾದವನೇ. ಈ ವಿಧಿ ಆತ್ಮಶಾಪವಲ್ಲ, ಒಡಂಬಡಿಕೆಯನ್ನು ಸ್ಥಿರಪಡಿಸುವ ಬಲಿಯಷ್ಟೇ ಎನ್ನುವ ಪಂಡಿತರೂ ಉಂಟು. ಶಾಪದ ನುಡಿ ಆ ಅಧ್ಯಾಯದಲ್ಲಿ ಇಲ್ಲವೆಂಬ ಅವರ ಆಕ್ಷೇಪಣೆ ನ್ಯಾಯವಾದುದೇ. ಆದರೆ ಯಾವ ಅರ್ಥವನ್ನು ಒಪ್ಪಿದರೂ ಹೋಳುಗಳ ನಡುವೆ ಹಾದುದು ಒಂದೇ ಪಕ್ಷವೆಂಬ ಸಂಗತಿ ಬದಲಾಗುವುದಿಲ್ಲ.

ಎರಡು ಅಧ್ಯಾಯಗಳನ್ನೂ ಒಟ್ಟಿಗೆ ಓದಿದಾಗ ಒಡಂಬಡಿಕೆಯ ತಿರುಳು ಹೊಳೆಯುತ್ತದೆ. ಸಮಾನರ ನಡುವಿನ ಮಾತನ್ನು ಭಯವೇ ಕಾಯಬಲ್ಲದು. ಕೇಳುವ ಶಕ್ತಿಯಿಲ್ಲದ ದುರ್ಬಲನಿಗೆ ಕೊಟ್ಟ ಮಾತಿಗೆ ಕೊಟ್ಟವನ ಸತ್ಯಸಂಧತೆಯೇ ಕಾವಲು. ಯೆರೂಸಲೇಮಿನ ಒಡೆಯರು ಸೋತದ್ದು ಈ ಪರೀಕ್ಷೆಯಲ್ಲಿ. ವಿಧಿಯನ್ನು ಅವರು ಲೋಪವಿಲ್ಲದೆ ನಡೆಸಿದ್ದರು. ದಾಸರಿಗೆ ಕೊಟ್ಟ ಮಾತನ್ನು ಮಾತ್ರ ಉಳಿಸಿಕೊಳ್ಳಲಿಲ್ಲ.